ಕೋಳಿ ಗೊಬ್ಬರ ಹಾಕಿದ ವಾರಕ್ಕೇ ಟೊಮೆಟೊ ಸಸಿ ಎಲೆ ಅಂಚು ಸುಟ್ಟೋಯ್ತು, ಸಗಣಿ ಗೊಬ್ಬರ ಹಾಕಿದ್ರೆ ಹೀಗಾಗ್ತಿರಲಿಲ್ವಾ?

ನೀವು ಹೇಳ್ತಿರೋದು ನೋಡಿದ್ರೆ ತಪ್ಪು ಕೋಳಿದಲ್ಲ, ಗೊಬ್ಬರ ಹಸಿ ಇದ್ದಿದ್ದು. ಹಸಿ ಸಗಣಿನ ಬುಡಕ್ಕೆ ತುಂಬಿದ್ರೂ ಗಿಡ ಒದ್ದಾಡುತ್ತೆ, ಆದ್ರೆ ಕೋಳಿದು ಜಾಸ್ತಿ ಜೋರು, ಯಾಕಂದ್ರೆ ಕೋಳಿಗೆ ಮೂತ್ರ ಅಂತ ಬೇರೆ ಹೋಗಲ್ಲ, ಹಿಕ್ಕೆ ಜೊತೆಗೇ ಬೆಳ್ಳಗೆ ಕಾಣುತ್ತಲ್ಲ ಅದೇ ಯೂರಿಕ್ ಆಸಿಡ್, ಅದು ಒಡೆದು ಅಮೋನಿಯಾ ಆಗುತ್ತೆ, ಮೇಲೆ ಉಪ್ಪಿನಂಶ ಬೇರೆ, ಎರಡೂ ಸೇರಿ ಎಳೇ ಬೇರನ್ನ ಸುಡುತ್ತೆ. ಕಳಿತ ಕೊಟ್ಟಿಗೆ ಗೊಬ್ಬರದಲ್ಲಿ ಸಾರಜನಕ ಸುಮಾರು 0.5 ಪರ್ಸೆಂಟ್, ಕೋಳಿ ಗೊಬ್ಬರದಲ್ಲಿ 3 ಪರ್ಸೆಂಟ್ ಹತ್ರ ಇರುತ್ತೆ. ಹಾಗಾಗಿ ಅಷ್ಟೇ ತೂಕ ಹಾಕಿದ್ರೂ ಐದಾರು ಪಟ್ಟು ಸಾರಜನಕ ಬಿದ್ದಂಗಾಯ್ತು. ಈಗ ಬುಡದಿಂದ ಗೊಬ್ಬರ ಕೆರೆದು ದೂರ ಹಾಕಿ, ಎರಡ್ಮೂರು ಸಲ ಚೆನ್ನಾಗಿ ನೀರು ಬಿಡಿ. ಕುಡಿ ಹಸಿರಾಗಿದ್ರೆ ಸಸಿ ಚೇತರಿಸ್ಕೊಳ್ಳುತ್ತೆ.

ಮುಂದಿನ ಸಲಕ್ಕೆ ನಾನು ಹೇಳೋದು ಒಂದೇ, ಯಾವ ಪ್ರಾಣಿದಾದ್ರೂ ಆಗ್ಲಿ ಕಳಿಸದೆ ಹಾಕಬೇಡಿ. ಕಳಿಯೋಕೆ ಒಣ ಕಸ ಬೇಕೇ ಬೇಕು, ಒಣ ಎಲೆ, ಹುಲ್ಲು, ಮರದ ಹೊಟ್ಟು ಯಾವುದಾದ್ರೂ ಸರಿ, ಇಂಗಾಲ ಹೆಚ್ಚಾಗಿ ಸಿಗೋದು ಇದರಿಂದ್ಲೇ, ಸಾರಜನಕದ ಒಂದು ಪಾಲಿಗೆ ಇಂಗಾಲ 25-30 ಪಾಲು ಇದ್ರೆ ರಾಶಿ ಚೆನ್ನಾಗಿ ಕಾಯುತ್ತೆ, ಕೋಳಿದಕ್ಕೆ ಒಣ ಕಸ ತುಂಬಾನೇ ಬೇಕು, ಸಗಣಿಗೆ ಸ್ವಲ್ಪ ಕಮ್ಮಿ ಸಾಕು. ಕೈಯಲ್ಲಿ ಹಿಂಡಿದ್ರೆ ಒಂದೆರಡು ಹನಿ ಬರೋಷ್ಟು ತೇವ ಇರ್ಲಿ. ರಾಶಿ ಒಳಗೆ 55 ಡಿಗ್ರಿ ಸೆಲ್ಸಿಯಸ್ ದಾಟಿ ಕೆಲವು ದಿನ ನಿಂತ್ರೆನೇ ಇ ಕೋಲಿ, ಸಾಲ್ಮೊನೆಲ್ಲಾ ಥರದ ರೋಗ ತರೋ ಬ್ಯಾಕ್ಟೀರಿಯಾನೂ ಬಹಳಷ್ಟು ಕಳೆ ಬೀಜಾನೂ ಸಾಯೋದು. ಹೊರಗಿನ ಭಾಗ ಅಷ್ಟು ಕಾಯಲ್ಲ, ಅದಕ್ಕೇ ಮಗುಚಿ ಮಗುಚಿ ಒಳಗೆ ಹಾಕ್ಬೇಕು. ಸುಮ್ನೆ ಮೂಲೇಲಿ ವರ್ಷಗಟ್ಲೆ ಬಿದ್ದಿದೆ ಅನ್ನೋ ತಿಪ್ಪೆನ ಕಳಿತದ್ದು ಅಂತ ಕಣ್ಮುಚ್ಚಿ ನಂಬಬೇಡಿ, ಮೂಗಿಗೆ ಅಮೋನಿಯಾ ಹೊಡೆದ್ರೆ ಇನ್ನೂ ಆಗಿಲ್ಲ, ಮಣ್ಣಿನ ವಾಸನೆ ಬಂದ್ರೆ ಆಗಿದೆ. ರಾಶಿ ಮೇಲೆ ಏನಾದ್ರೂ ಹೊದಿಸಿ, ಇಲ್ಲಾಂದ್ರೆ ಮಳೆ ನೀರಲ್ಲಿ ಸಾರಜನಕ, ಪೊಟ್ಯಾಷ್ ಎಲ್ಲ ತೊಳೆದು ಹೋಗುತ್ತೆ. ಗಂಜಲ ಹೀರಿದ ಕೊಟ್ಟಿಗೆ ಹಾಸು ಸಿಕ್ರೆ ದಯವಿಟ್ಟು ಎಸೀಬೇಡಿ, ಪೊಟ್ಯಾಷ್‌ನಲ್ಲಿ ಹೆಚ್ಚಿನ ಪಾಲು ಇರೋದು ಗಂಜಲದಲ್ಲೇ.

ಹಸಿದೇ ಹಾಕಬೇಕಾದ ಪರಿಸ್ಥಿತಿ ಇದ್ರೆ, ಹೊಲ ಖಾಲಿ ಇದ್ದಾಗ ಹಾಕಿ ಅವತ್ತೇ ಉಳುಮೆ ಮಾಡಿ ಮಣ್ಣಿಗೆ ಸೇರಿಸಿ, ಮೇಲೇ ಬಿಟ್ರೆ ಅಮೋನಿಯಾ ಗಾಳಿಗೆ ಹೋಗುತ್ತೆ. ಅಮೆರಿಕದ ಸಾವಯವ ನಿಯಮದಲ್ಲಿ ಮಣ್ಣಿಗೆ ತಾಗೋ ಬೆಳೆಗೆ ಕೊಯ್ಲಿಗಿಂತ 120 ದಿನ ಮುಂಚೆ, ತಾಗದೇ ಇರೋದಕ್ಕೆ 90 ದಿನ ಮುಂಚೆ ಹಸಿ ಗೊಬ್ಬರ ಹಾಕಿ ಮುಗಿಸಿರ್ಬೇಕು ಅಂತಿದೆ, ಸೊಪ್ಪು ಕ್ಯಾರೆಟ್ ಹಸಿಯಾಗಿ ತಿನ್ನೋರು ಎಲ್ಲಿದ್ರೂ ಇದನ್ನ ಪಾಲಿಸೋದು ಒಳ್ಳೇದು. ನಾಯಿ ಬೆಕ್ಕಿನ ಮಲ ಮಾತ್ರ ತರಕಾರಿಗೆ ಬೇಡವೇ ಬೇಡ.

ಎಷ್ಟು ಹಾಕಿದ್ರೂ ಒಳ್ಳೇದೇ ಅಂತ ಪ್ರತಿ ವರ್ಷ ಸುರಿಯೋರೂ ಇದ್ದಾರೆ. ಸಾರಜನಕ ಸಾಕಾಗೋಷ್ಟು ಗೊಬ್ಬರ ಹಾಕಿದ್ರೆ ರಂಜಕ ಬೆಳೆಗೆ ಬೇಕಾಗಿದ್ದಕ್ಕಿಂತ ಜಾಸ್ತಿ ಬೀಳುತ್ತೆ, ಅದು ಮಣ್ಣಲ್ಲಿ ಕೂಡ್ತಾ ಹೋಗಿ ಕೊನೆಗೆ ಹರಿಯೋ ನೀರಿಗೆ ಸೇರಿ ಕೆರೇಲಿ ಪಾಚಿ ಬೆಳೆಸುತ್ತೆ. ಗೊಬ್ಬರದ ಗುಣ ಮಣ್ಣಲ್ಲಿ ಎಷ್ಟು ಕಾಲ ನಿಲ್ಲುತ್ತೆ ಅನ್ನೋದಕ್ಕೆ ಇಂಗ್ಲೆಂಡಿನ ರೋಥಾಮ್‌ಸ್ಟೆಡ್ ಅನ್ನೋ ಕೃಷಿ ಸಂಶೋಧನಾ ಕೇಂದ್ರದ ಪ್ರಯೋಗ ನೋಡಿ, ಅಲ್ಲೊಂದು ಬಾರ್ಲಿ ತಾಕಿಗೆ 1852ರಿಂದ 1871ರವರೆಗೆ ಮಾತ್ರ ಕೊಟ್ಟಿಗೆ ಗೊಬ್ಬರ ಹಾಕಿ ನಿಲ್ಲಿಸಿದ್ರು, ನೂರು ವರ್ಷ ದಾಟಿದ್ಮೇಲೂ ಯಾವತ್ತೂ ಗೊಬ್ಬರ ಕಾಣದ ಪಕ್ಕದ ತಾಕಿಗಿಂತ ಅಲ್ಲಿ ಸಾವಯವ ಅಂಶ ಜಾಸ್ತಿನೇ ಇತ್ತು. ಹಾಗಾಗಿ ಎರಡ್ಮೂರು ವರ್ಷಕ್ಕೊಮ್ಮೆ ಮಣ್ಣು ಟೆಸ್ಟ್ ಮಾಡಿಸಿ ಆಮೇಲೆ ಪ್ರಮಾಣ ನಿರ್ಧಾರ ಮಾಡಿ.

ಇನ್ನೊಂದು ವಿಷಯ, ಹೊರಗಿಂದ ಗೊಬ್ಬರ ತರಿಸ್ತಿದ್ರೆ ಮೇವಿಗೆ ಕಳೆನಾಶಕ ಹೊಡೆದಿದ್ರಾ ಅಂತ ಕೇಳಿ. ಅಮಿನೋಪೈರಾಲಿಡ್, ಕ್ಲೋಪೈರಾಲಿಡ್ ಅನ್ನೋವು ಹಸು ಹೊಟ್ಟೆ ದಾಟಿದ್ರೂ, ಗೊಬ್ಬರ ಕಳಿತರೂ ಉಳ್ಕೊಂಡುಬಿಡುತ್ವೆ, ಟೊಮೆಟೊ ಬೀನ್ಸ್‌ಗೆ ಭಾರೀ ಹೊಡೆತ. ಒಂದೆರಡು ಕುಂಡದಲ್ಲಿ ಮಣ್ಣಿಗೆ ಆ ಗೊಬ್ಬರ ಬೆರೆಸಿ, ಇನ್ನೆರಡಕ್ಕೆ ಬೆರೆಸದೆ, ಎಲ್ಲದ್ರಲ್ಲೂ ಬೀನ್ಸ್ ಬೀಜ ಹಾಕಿ ಮೂರು ವಾರ ನೋಡಿ. ಗೊಬ್ಬರ ಹಾಕಿದ್ದರಲ್ಲಿ ಮಾತ್ರ ಎಲೆ ಮುದುಡಿ ತಿರುಚ್ಕೊಂಡು ಬಂದ್ರೆ ಆ ಲೋಡ್ ತರಕಾರಿಗೆ ಬೇಡ, ಹುಲ್ಲು ಬೆಳೆಯೋ ಜಾಗಕ್ಕೆ ಹಾಕ್ಬಹುದು, ಹುಲ್ಲಿಗೆ ಅದರಿಂದ ಏನೂ ಆಗಲ್ಲ.