ಸಿಂಗಪುರದ ವಿರೋಧ ಪಕ್ಷ ಸಂಸತ್ತು ಬಿಟ್ಟು ಹೋದದ್ದೇಕೆ?

ಪ್ರಶ್ನೆ: 1965ರಲ್ಲಿ ಸಿಂಗಪುರ ಸ್ವತಂತ್ರವಾದ ಮೇಲೆ ಅಲ್ಲಿನ ವಿರೋಧ ಪಕ್ಷದವರು ಸಂಸತ್ತನ್ನು ಬಹಿಷ್ಕರಿಸಿ, ರಾಜೀನಾಮೆ ಕೊಟ್ಟು, ಉಪಚುನಾವಣೆಗೂ ನಿಲ್ಲಲಿಲ್ಲ ಎಂದು ಓದಿದೆ. ಗೆದ್ದ ಸೀಟನ್ನು ಯಾರಾದರೂ ಹೀಗೆ ಬಿಟ್ಟುಕೊಡುತ್ತಾರೆಯೇ? ನಮ್ಮಲ್ಲಿ ಹೀಗೆ ಮಾಡಿದರೆ ಏನಾಗುತ್ತದೆ?
– ಓದುಗರೊಬ್ಬರು, ದಾವಣಗೆರೆ

ಉತ್ತರ: ಬಿಟ್ಟುಕೊಟ್ಟರು. ಆದರೆ ಅವರ ಸಿಟ್ಟಿಗೆ ಕಾರಣವಿರಲಿಲ್ಲ ಎನ್ನುವಂತಿಲ್ಲ. 1963ರ ಫೆಬ್ರವರಿ 2ರಂದು ‘ಆಪರೇಷನ್ ಕೋಲ್ಡ್‌ಸ್ಟೋರ್’ ಹೆಸರಿನಲ್ಲಿ ನೂರಕ್ಕೂ ಹೆಚ್ಚು ಎಡಪಂಥೀಯರನ್ನು ವಿಚಾರಣೆಯಿಲ್ಲದೆ ಒಳಗೆ ಹಾಕಿದ್ದರು. ನೀವು ಹೇಳುವ ವಿರೋಧ ಪಕ್ಷ, ಅಂದರೆ ಬಾರಿಸಾನ್ ಸೋಶಿಯಾಲಿಸ್‌ನ ದೊಡ್ಡ ಮುಖ ಲಿಮ್ ಚಿನ್ ಸಿಯಾಂಗ್ ಕೂಡ ಅವರಲ್ಲಿದ್ದರು. ಇಷ್ಟಾದರೂ ಅದೇ ವರ್ಷದ ಚುನಾವಣೆಯಲ್ಲಿ ಪಕ್ಷ 51ರಲ್ಲಿ 13 ಸ್ಥಾನ ಗೆದ್ದಿತು. ಗೆದ್ದವರಲ್ಲೂ ಕೆಲವರನ್ನು ಬಂಧಿಸಲಾಯಿತು.

1965ರ ಆಗಸ್ಟ್ 9ರಂದು ಸಿಂಗಪುರ ಮಲೇಷ್ಯಾದಿಂದ ಬೇರೆಯಾಯಿತು. ಸಂಸತ್ತು ಸೇರಿದ್ದು ಡಿಸೆಂಬರ್ 8ಕ್ಕೆ, ಅಂದರೆ ನಾಲ್ಕು ತಿಂಗಳ ನಂತರ. ಬಾರಿಸಾನ್ ಅಧ್ಯಕ್ಷ ಡಾ. ಲೀ ಸಿಯು ಚೋ ಈ ಸ್ವಾತಂತ್ರ್ಯವೇ ನಕಲಿ ಎಂದು ಘೋಷಿಸಿಬಿಟ್ಟಿದ್ದರು. ಪಕ್ಷದ ಸದಸ್ಯರು ಸದನಕ್ಕೆ ಹೋಗಲಿಲ್ಲ. ಅದೇ ವರ್ಷದ ಜುಲೈನಲ್ಲಿ ಹಾಂಗ್ ಲಿಮ್ ಉಪಚುನಾವಣೆಯಲ್ಲಿ ಇದೇ ಪಕ್ಷ ಅಭ್ಯರ್ಥಿ ನಿಲ್ಲಿಸಿ, ಪ್ರಧಾನಿ ಲೀ ಕ್ವಾನ್ ಯೂ ಅವರ ಆಳುವ ಪಕ್ಷ ಪೀಪಲ್ಸ್ ಆಕ್ಷನ್ ಪಾರ್ಟಿ ಎದುರು ಸೋತಿತ್ತು. ಆ ಸೋಲಿನ ಗಾಯ ಇನ್ನೂ ಹಸಿಯಾಗಿತ್ತು ಎಂದು ನನಗನಿಸುತ್ತದೆ.

ಇಲ್ಲೊಂದು ತಮಾಷೆಯಿದೆ. ಬಹಿಷ್ಕಾರದ ಮುಂದಾಳು ಲೀ ಸಿಯು ಚೋ ಸ್ವತಃ ಸಂಸತ್ ಸದಸ್ಯರೇ ಅಲ್ಲ. 1963ರಲ್ಲಿ ರೋಚೋರ್ ಕ್ಷೇತ್ರದಲ್ಲಿ ಬರೀ 89 ಮತಗಳಿಂದ ಸೋತಿದ್ದರು. ಕುರ್ಚಿ ಇಲ್ಲದವರು ಕುರ್ಚಿ ಇದ್ದವರಿಗೆ ಎದ್ದು ಬನ್ನಿ ಎಂದಂತಾಯಿತು!

ಆಮೇಲಿನದು ಸರಳ ಲೆಕ್ಕ. ತೆರವಾದ ಸ್ಥಾನಕ್ಕೆ ಉಪಚುನಾವಣೆ ಬಂತು, ಬಾರಿಸಾನ್ ಅದನ್ನೂ ಬಹಿಷ್ಕರಿಸಿತು. 1966ರ ಜನವರಿಯಲ್ಲಿ ಬುಕಿತ್ ಮೇರಾದಲ್ಲಿ ಆಳುವ ಪಕ್ಷದ ಅಭ್ಯರ್ಥಿ ಗೆದ್ದರು. ಆ ವರ್ಷದ ಅಕ್ಟೋಬರ್‌ನಲ್ಲಿ, ಇನ್ನು ಹೋರಾಟ ಬೀದಿಯಲ್ಲೇ ಎಂದು ಉಳಿದವರೂ ಹೊರಬಂದರು. ಬೀದಿಯಲ್ಲಿ ಪೊಲೀಸರಿದ್ದರು. ಜುರಾಂಗ್ ಕ್ಷೇತ್ರದ ಬಾರಿಸಾನ್ ಪ್ರತಿನಿಧಿಯಾಗಿದ್ದ ಚಿಯಾ ತಾಯ್ ಪೋ ಅಕ್ಟೋಬರ್ 29ರಂದು ಬಂಧಿತರಾದರು. ವಿಚಾರಣೆಯೇ ಇಲ್ಲದೆ 1989ರವರೆಗೆ ಸೆರೆಯಲ್ಲಿದ್ದರು. ಬಿಟ್ಟಾಗಲೂ ಮನೆಗಲ್ಲ, ಸೆಂಟೋಸಾ ದ್ವೀಪಕ್ಕೆ.

1967ರ ಮಾರ್ಚ್ 7ರ ಉಪಚುನಾವಣೆಗಳಲ್ಲಿ ಥಾಮ್ಸನ್ ಒಂದರಲ್ಲಿ ಮಾತ್ರ ಮತದಾನ ನಡೆಯಿತು. ಒಂದೇ ವಾರದಲ್ಲಿ, ಮಾರ್ಚ್ 14ರಂದು, ಯುವಕರಿಗೆ ಕಡ್ಡಾಯ ಸೈನಿಕ ಸೇವೆಯ ಮಸೂದೆ ಅಂಗೀಕಾರವಾಯಿತು. ಆಳುವ ಪಕ್ಷಕ್ಕೆ ಮೂರನೇ ಎರಡರಷ್ಟು ಬಹುಮತ ಮೊದಲೇ ಇತ್ತು, ಆದ್ದರಿಂದ ಬಾರಿಸಾನ್ ಒಳಗಿದ್ದರೂ ಮಸೂದೆ ನಿಲ್ಲುತ್ತಿರಲಿಲ್ಲ. ಆದರೆ ಎದ್ದು ನಿಂತು ಪ್ರಶ್ನೆ ಕೇಳಬಹುದಿತ್ತು, ಅದು ಕಡತದಲ್ಲಿ ಉಳಿಯುತ್ತಿತ್ತು. ಸಿಟ್ಟಿನಲ್ಲಿ ಕೊಯ್ದುಕೊಂಡ ಮೂಗು ಇದು. 1968ರ ಮಹಾಚುನಾವಣೆಯಲ್ಲಿ 58ರಲ್ಲಿ 51 ಸ್ಥಾನ ಅವಿರೋಧ, ಉಳಿದ ಏಳೂ ಅದೇ ಪಕ್ಷಕ್ಕೆ. ಮತದಾನ ಕಡ್ಡಾಯವಾಗಿರುವ ದೇಶದಲ್ಲಿ ಹೆಚ್ಚಿನವರಿಗೆ ಮತ ಹಾಕುವ ಕೆಲಸವೇ ಇರಲಿಲ್ಲ. ವಿರೋಧ ಪಕ್ಷದ ಒಬ್ಬರು ಮತ್ತೆ ಗೆದ್ದದ್ದು 1981ರಲ್ಲಿ, ಆನ್ಸನ್ ಉಪಚುನಾವಣೆಯಲ್ಲಿ: ವರ್ಕರ್ಸ್ ಪಾರ್ಟಿಯ ಜೆ.ಬಿ. ಜಯರತ್ನಂ.

ನಮ್ಮಲ್ಲಾದರೆ? ಅನುಮತಿಯಿಲ್ಲದೆ 60 ದಿನ ಎಲ್ಲ ಸಭೆಗಳಿಗೂ ಗೈರಾದರೆ ಸದನವು ಆ ಸ್ಥಾನವನ್ನು ತೆರವು ಎಂದು ಘೋಷಿಸಬಹುದು. ಸಂವಿಧಾನದ 101ನೇ ವಿಧಿ ಸಂಸದರಿಗೆ, 190ನೇ ವಿಧಿ ಶಾಸಕರಿಗೆ. ತೆರವಾದ ಸ್ಥಾನಕ್ಕೆ ಸಾಮಾನ್ಯವಾಗಿ ಆರು ತಿಂಗಳೊಳಗೆ ಉಪಚುನಾವಣೆ ಆಗಬೇಕು. ಹಾಗಾಗಿ ಸಭಾತ್ಯಾಗ ಮಾಡುವ ನಮ್ಮವರು ಮರುದಿನ ಬಂದು ಹಾಜರಿ ಹಾಕುವುದೇ ಹೆಚ್ಚು. ನಾವು ನಗುತ್ತೇವೆ, ಆದರೆ ಅದರಲ್ಲಿ ಜಾಣತನವಿದೆ.

ಲೀ ಸಿಯು ಚೋ ಕಥೆ ಮುಗಿಸಿಬಿಡುತ್ತೇನೆ. 1984ರಲ್ಲಿ ಸಿಂಗಪುರ, ಸೋತ ವಿರೋಧ ಅಭ್ಯರ್ಥಿಗಳಲ್ಲಿ ಹೆಚ್ಚು ಮತ ಪಡೆದವರಿಗೆ ಕ್ಷೇತ್ರವಿಲ್ಲದ ಸದಸ್ಯತ್ವ ಕೊಡುವ ಪದ್ಧತಿ ತಂದಿತು. ಅವರು ಮಾತಾಡಬಹುದು, ಸಂವಿಧಾನ ತಿದ್ದುಪಡಿ, ಅವಿಶ್ವಾಸದಂಥ ವಿಷಯಗಳಲ್ಲಿ ಮತ ಹಾಕುವಂತಿರಲಿಲ್ಲ. 1988ರಲ್ಲಿ ವರ್ಕರ್ಸ್ ಪಾರ್ಟಿಯಿಂದ ನಿಂತು ಸೋತ ಲೀ ಸಿಯು ಚೋ ಆ ಅರ್ಧ ಕುರ್ಚಿಯನ್ನು ಒಪ್ಪಿಕೊಂಡು ಸಂಸತ್ತಿಗೆ ಬಂದರು. ಹಾಗೆ ಬಂದು ಕೂತವರಲ್ಲಿ ಅವರೇ ಮೊದಲಿಗರು.