ಬರೆಯುವವರು ನಿರ್ಮಾಪಕರಾಗಬಹುದಾ?

ಮುಂಬೈ ಹತ್ತಿರದ ಡೊಂಬಿವಲಿಯಿಂದ ಕೇಳಿದ್ದೀರಿ, ಕನ್ನಡ ಸಂಘಕ್ಕೆ ನಾಟಕ ಬರೆದು ಅಭ್ಯಾಸ ಇದೆ, ಹಿಂದಿ ಸೀರಿಯಲ್ ಬರೆಯುತ್ತಾ ಮುಂದೆ ನಿರ್ಮಾಪಕನೂ ಆಗಬಹುದಾ ಅಂತ. ಆಗಬಹುದು ಸರ್, ಆತುರ ಮಾತ್ರ ಬೇಡ.

ಮೊದಲು ಬರವಣಿಗೆಯಲ್ಲೇ ಕೈ ಪಳಗಲಿ. ಹಿಂದಿ ಲೇಖಕ ಮನೋಹರ ಶ್ಯಾಮ್ ಜೋಶಿ ಅವರನ್ನೇ ನೋಡಿ. ವಾರಪತ್ರಿಕೆಯ ಸಂಪಾದಕರಾಗಿದ್ದವರು 1984ರಲ್ಲಿ ದೂರದರ್ಶನಕ್ಕೆ ‘ಹಮ್ ಲೋಗ್’ ಬರೆದರು, ಆಮೇಲೆ ದೇಶ ವಿಭಜನೆಯ ‘ಬುನಿಯಾದ್’, ಮುಂದೆ ‘ಮುಂಗೇರಿಲಾಲ್ ಕೆ ಹಸೀನ್ ಸಪ್ನೆ’ಯಂಥ ತಮಾಷೆ. ಮೂರಕ್ಕೂ ಬೇರೆ ಬೇರೆ ದನಿ. ನಮ್ಮವರೇ ಬೇಕಾ? ಟಿ.ಎನ್. ಸೀತಾರಾಮ್ ತಾವೇ ಬರೆದು, ನಿರ್ದೇಶಿಸಿ, ವಕೀಲನ ಪಾತ್ರವನ್ನೂ ಮಾಡಿದರಲ್ವಾ.

ಇಲ್ಲಿ ಮುಂಬೈಯಲ್ಲಿ ದಿನದ ಸೀರಿಯಲ್ ಅಂದರೆ ಕಥೆ ಒಬ್ಬರದು, ಚಿತ್ರಕಥೆ ಇನ್ನೊಬ್ಬರದು, ಸಂಭಾಷಣೆ ಮತ್ತೊಬ್ಬರದು. ನಾನು ಸಂಭಾಷಣೆಯವನು. ರಾತ್ರಿ 2 ಗಂಟೆಗೆ ಕಳಿಸಿದ ಸೀನನ್ನು ಬೆಳಿಗ್ಗೆ ಗೋರೆಗಾಂವ್ ಫಿಲ್ಮ್ ಸಿಟಿಯಲ್ಲಿ ನಟಿ ಮೇಕಪ್ ಕುರ್ಚಿಯಲ್ಲಿ ಕೂತು ಓದುತ್ತಿರುವಾಗಲೇ ಫೋನ್ ಬರುತ್ತದೆ, ಅತ್ತೆ ಪಾತ್ರದವರಿಗೆ ಜ್ವರ, ಅವರನ್ನು ಕಾಶಿಗೆ ಕಳಿಸಿಬಿಡಿ ಅಂತ. ಸರಿ, ಅರ್ಧ ಗಂಟೆಯಲ್ಲಿ ಅತ್ತೆ ಕಾಶಿಗೆ! ನಿರ್ಮಾಪಕರ ತಲೆನೋವು ನನಗೆ ಅರ್ಥವಾಗಿದ್ದು ಇಂಥ ಬೆಳಿಗ್ಗೆಗಳಲ್ಲೇ.

ದುಡ್ಡಿನ ವಿಷಯ ಜಾಸ್ತಿ ಹೇಳಲ್ಲ. ಎಪಿಸೋಡ್ ಲೆಕ್ಕ, ಕೈಗೆ ಬರುವುದು ಎಷ್ಟೋ ಸಲ ಮೂರು ತಿಂಗಳ ಮೇಲೆ. ಒಬ್ಬರು ನನಗೆ 11 ಎಪಿಸೋಡಿನದು ಇನ್ನೂ ಕೊಟ್ಟಿಲ್ಲ. ನಿರ್ಮಾಪಕರಿಗೂ ಚಾನೆಲ್ ಹಣ ತಡವಾಗಿಯೇ ಬರುತ್ತದೆ, ಸೆಟ್ಟಿನ ಬಾಡಿಗೆ, ಊಟ, ಲೈಟಿನವರ ಕೂಲಿ ಮಾತ್ರ ಕಾಯಲ್ಲ. ಕೈಯಲ್ಲಿ ಕೆಲವು ತಿಂಗಳ ಗಂಟು ಇಲ್ಲದೆ ಅತ್ತ ಕಾಲಿಡಬೇಡಿ.

ಮತ್ತೆ, ಯಾರಿಗಾದರೂ ಕಥೆ ಹೇಳುವ ಮೊದಲು ಅಂಧೇರಿಯ ಸ್ಕ್ರೀನ್‌ರೈಟರ್ಸ್ ಅಸೋಸಿಯೇಷನ್‌ನಲ್ಲಿ, ಅಂದರೆ ಸಿನಿಮಾ-ಸೀರಿಯಲ್ ಬರೆಯುವವರ ಸಂಘದಲ್ಲಿ, ಸದಸ್ಯರಾಗಿ, ಕಥೆ ನೋಂದಾಯಿಸಿಕೊಳ್ಳಿ.