ಅಪ್ಪನ ತಮಾಷೆ ಮೊದಲು ನಿಲ್ಲಲಿ

ತುಮಕೂರಿನ ಓದುಗರೊಬ್ಬರ ಪತ್ರ ನನ್ನನ್ನು ತುಂಬಾ ಕಲಕಿತು. ಅವರ ಅಮ್ಮ ಬೆಂಗಳೂರು ದೂರದರ್ಶನದ ಶುರುವಿನ ವರ್ಷಗಳಲ್ಲಿ ಟಿವಿ ನಾಟಕಗಳಲ್ಲಿ ಪಾರ್ಟು ಮಾಡಿದವರು. 1987ರಲ್ಲಿ ಗಂಡನಿಗೆ ಹುಬ್ಬಳ್ಳಿಗೆ ವರ್ಗವಾಯಿತು, ನಟನೆ ಅಲ್ಲಿಗೆ ನಿಂತಿತು. ಈಗ ಒಂದು ಧಾರಾವಾಹಿಯವರು ಅಜ್ಜಿಯ ಪಾತ್ರಕ್ಕೆ ಕರೆದಿದ್ದಾರೆ. ಅಮ್ಮ 'ನನಗೇನು ಬರುತ್ತೆ, ಬಿಡು' ಅನ್ನುತ್ತಾರೆ. ಅಣ್ಣನಿಗೆ ಆರೋಗ್ಯದ ಚಿಂತೆ. ಒತ್ತಾಯ ಮಾಡಲೋ, ಸುಮ್ಮನಿರಲೋ ಎಂಬುದು ಮಗಳ ಪ್ರಶ್ನೆ.

ನಿಮ್ಮ ಪತ್ರದ ಕೊನೆಯಲ್ಲಿ ಒಂದು ಸಾಲಿದೆ. ಅಮ್ಮನ ನಾಟಕದ ಒಂದು ಟೇಪೂ ಉಳಿದಿಲ್ಲ, ಅದಕ್ಕೆ ಅಪ್ಪ ನೆಂಟರ ಮುಂದೆ 'ಇವಳು ಹೀರೋಯಿನ್ ಅಂತೆ, ನೋಡಿದವರು ಮಾತ್ರ ಯಾರೂ ಇಲ್ಲ' ಎಂದು ರೇಗಿಸುತ್ತಾರೆ, ಎಲ್ಲರೂ ನಗುತ್ತಾರೆ ಎಂದು ಬರೆದು ಮುಂದೆ ಹೋಗಿದ್ದೀರಿ. ನನಗೆ ಮುಂದೆ ಹೋಗಲು ಆಗಲಿಲ್ಲ.

ನೋಡಿದವರು ಯಾರೂ ಇಲ್ವಾ? ಬೆಂಗಳೂರು ಕೇಂದ್ರ ಶುರುವಾಗಿದ್ದು 1981ರಲ್ಲಿ. ಆಗ ಬೇರೆ ಚಾನೆಲ್ಲೇ ಇರಲಿಲ್ಲ. ಟಿವಿ ಇದ್ದವರ ಮನೆಯ ನಡುಮನೆಯಲ್ಲಿ ಬೀದಿಯವರೆಲ್ಲ ಚಾಪೆ ಹಾಸಿಕೊಂಡು ಕೂರುತ್ತಿದ್ದರು. ಟೇಪ್ ಉಳಿಯದಿದ್ದರೆ ಅದು ನಟಿಯ ತಪ್ಪಲ್ಲ. ಟೇಪಿಗೆ ದುಡ್ಡು ಜಾಸ್ತಿ, ಅದೇ ಟೇಪಿನ ಮೇಲೆ ಮತ್ತೊಂದು ಕಾರ್ಯಕ್ರಮ ಮುದ್ರಿಸುತ್ತಿದ್ದರು. ಬಿಬಿಸಿಯಂಥ ಸಂಸ್ಥೆಯೇ 1960-70ರ ದಶಕದ ಎಷ್ಟೋ ನಾಟಕಗಳನ್ನು ಹೀಗೆ ಅಳಿಸಿಹಾಕಿತು. 1956ಕ್ಕೆ ಮೊದಲು ವಿಡಿಯೊ ಟೇಪೇ ಬಳಕೆಗೆ ಬಂದಿರಲಿಲ್ಲ, ಹೆಚ್ಚಿನ ನಾಟಕಗಳು ನೇರಪ್ರಸಾರದಲ್ಲೇ ಮುಗಿದುಹೋಗುತ್ತಿದ್ದವು. ಧಾರಾವಾಹಿ ಮಾಡಿದವರನ್ನು ಜನ ವಾರವಾರ ನೋಡಿದರು. ಚಂದ್ರು, ಗೀತಾ ಅವರ ಹೆಸರಿಗೆ ಅವರು ನಟಿಸಿದ 'ಸಿಹಿಕಹಿ' ಧಾರಾವಾಹಿಯ ಹೆಸರು ಇಂದಿಗೂ ಅಂಟಿಕೊಂಡಿದೆ. ಒಂದೇ ಸಂಜೆಯ ನಾಟಕದಲ್ಲಿ ಬಂದುಹೋದವರಿಗೆ ಆ ಭಾಗ್ಯ ಸಿಗಲಿಲ್ಲ. ಕೆಲಸ ಮಾತ್ರ ಕಡಿಮೆಯದಲ್ಲ.

ಅಮ್ಮನಿಗೆ ಬರಲ್ಲ ಅನ್ನೋದನ್ನು ನಾನು ನಂಬುವುದಿಲ್ಲ. ಮೊನ್ನೆ ಅವರೆಕಾಯಿ ಸುಲಿಯುತ್ತಾ ಒಂದು ದೃಶ್ಯವನ್ನು ಪೂರ್ತಿ ಹೇಳಿದರು, ಎದುರು ಪಾತ್ರದ ಮಾತನ್ನೂ ಸೇರಿಸಿ ಎಂದು ನೀವೇ ಬರೆದಿದ್ದೀರಿ. ಆಗಿನ ಸ್ಟುಡಿಯೋದಲ್ಲಿ ಉದ್ದುದ್ದ ದೃಶ್ಯಗಳು. ನಡುವೆ ಒಬ್ಬರು ತಪ್ಪಿದರೆ ಎಲ್ಲರೂ ಮತ್ತೆ ಮೊದಲಿಂದ ಶುರು ಮಾಡಬೇಕು. ಯಾವ ಕ್ಯಾಮೆರಾದ ಕೆಂಪು ದೀಪ ಹೊತ್ತಿದೆ, ಅಂದರೆ ಈಗ ಯಾವುದು ತನ್ನನ್ನು ತೋರಿಸುತ್ತಿದೆ ಎಂದು ಓರೆಗಣ್ಣಲ್ಲೇ ಗಮನಿಸುತ್ತಾ ಅಳಬೇಕು. ಈಗಿನ ಧಾರಾವಾಹಿಗಳಲ್ಲಿ ಮಾತು ಹೇಳಿಕೊಡಲು ಪಕ್ಕದಲ್ಲೇ ಪ್ರಾಂಪ್ಟರ್ ನಿಂತಿರುತ್ತಾರೆ. ಆ ಕಾಲದವರಿಗೆ ಇದು ಹೊಸ ಪರೀಕ್ಷೆಯೇ ಅಲ್ಲ. ಇಷ್ಟು ವರ್ಷ ಮನೆಯಲ್ಲೇ ನಗೆಪಾಟಲಾದವರು ಮತ್ತೆ ಬಣ್ಣ ಹಚ್ಚಲು ಹಿಂಜರಿಯದೆ ಇನ್ನೇನು ಮಾಡುತ್ತಾರೆ?

ವರ್ಗವಾಗಿದ್ದಕ್ಕೆ ನಿಮ್ಮ ತಂದೆಯನ್ನು ನಾನು ದೂರುವುದಿಲ್ಲ. ಬ್ಯಾಂಕಿನ ನೌಕರಿ, ಕಳಿಸಿದಲ್ಲಿಗೆ ಹೋಗಲೇಬೇಕು. ಆದರೆ ಹೆಂಡತಿ ಕೆಲಸ ಬಿಟ್ಟು ಜೊತೆಗೆ ಬಂದ ಮೇಲೆ, ಆ ಕೆಲಸ ಇತ್ತೇ ಇಲ್ಲ ಎನ್ನುವ ಹಾಗೆ ಆಡುವುದು ತಮಾಷೆ ಅಲ್ಲ. ಈ ಅಂಕಣದಲ್ಲಿ ಎಷ್ಟೋ ಸಲ ಬರೆದಿದ್ದೇನೆ: ಹೆಂಗಸಿನ ದುಡಿಮೆಯನ್ನು ಗೇಲಿ ಮಾಡುವ ಮನೆಯಲ್ಲಿ ಅವಳಿಂದ ಧೈರ್ಯ ನಿರೀಕ್ಷಿಸಬಾರದು. ಅಣ್ಣನ ಚಿಂತೆ ನ್ಯಾಯವಾದದ್ದೇ. ದಿನಕ್ಕೆ ಎಷ್ಟು ಗಂಟೆ ಕೆಲಸ, ಓಡಾಟಕ್ಕೆ ಕಾರು ಯಾರದ್ದು ಎಂದು ಅವರೇ ಕೇಳಿ ಬರೆಸಿಕೊಳ್ಳಲಿ.

ನೀವು ಮಾಡಬೇಕಾದ್ದು ಒಂದೇ. ಮುಂದಿನ ತಿಂಗಳು ಮೊಮ್ಮಗನ ಉಪನಯನಕ್ಕೆ ನೆಂಟರೆಲ್ಲ ಸೇರುತ್ತಾರಲ್ಲ, ಅದಕ್ಕೂ ಮೊದಲೇ ತಂದೆಯನ್ನು ಕೂರಿಸಿಕೊಂಡು 'ಅಪ್ಪಾ, ಆ ಮಾತು ಇನ್ನು ಮೇಲೆ ಬೇಡ' ಎಂದು ಹೇಳಿ. ಬೇಜಾರಾಗುತ್ತಾರೆ, ಆಗಲಿ. ಧಾರಾವಾಹಿಯವರ ಹತ್ತಿರ ಸ್ವಲ್ಪ ಸಮಯ ಕೇಳಿ. ಅವರು ಮತ್ತೆ ಫೋನ್ ಮಾಡಿದಾಗ ನೀವು ಮಾತಾಡಬೇಡಿ, ಅಮ್ಮನ ಕೈಗೇ ಕೊಡಿ.